ಯಾರು ನೀನು ಎಂಬ ಗುಂಡಿ

ಲುವಾಂಡಾ, ಅಂಗೋಲಾ. ನವೆಂಬರ್ ೧೯೭೫

ಲಿಂಡಿನಾಲ್ವಕ್ಕಾ,
ಈ ಊರಲ್ಲಿ ನೀರು ನಿಂತು ಒಂಬತ್ತು ದಿನ.
ಹಲ್ಲುಜ್ಜುವುದು ಸೋಡಾದಲ್ಲಿ.
ಉತ್ತರಕ್ಕೆ ಫಿರಂಗಿ ಗುಡುಗಿದರೆ
ಮೇಜಿನ ಮೇಲಿನ ಗುಂಡುಸೂಜಿಗಳು
ಡಬ್ಬಿಯೊಳಗೇ ಒಂದನ್ನೊಂದು ಮಾತಾಡಿಸುತ್ತವೆ.
ಮೊನ್ನೆ ಪೋರ್ತುಗೀಸರು ಬಾವುಟ ಇಳಿಸಿ, ಮಡಚಿ,
ಕಂಕುಳಲ್ಲಿಟ್ಟುಕೊಂಡು ಹಡಗು ಹತ್ತಿದರು.
ಬೀಗದ ಕೈ ಯಾರ ಕೈಗೆ ಅಂತ ಕೇಳಿದರೆ
'ಜನರ ಕೈಗೆ' ಅಂದರಂತೆ.
ಜನ ಬಂದೂಕು ಹಿಡಿದು ಮೂರು ಪಾಲಾಗಿದ್ದಾರೆ.

ನನ್ನ ಕೆಲಸ ನಿನಗೆ ಗೊತ್ತು:
ಟೆಲೆಕ್ಸ್ ಮುಂದೆ ಕೂರುವುದು,
ಬಂದದ್ದನ್ನು ಹರಿದು ಕೊಡುವುದು,
ಓದಿಯೂ ಓದದವನಂತಿರುವುದು.
ರಾತ್ರಿ ಹನ್ನೆರಡಕ್ಕೆ
(ನಿಮಗಿನ್ನೂ ಹಿಂದಿನ ದಿನ, ಎಂಟು ಗಂಟೆ,
ಕಾಳು ಬೆಂದಿತೋ ಎಂದು ನೀನು ಹಿಚುಕಿ ನೋಡುವ ಹೊತ್ತು)
ಯಂತ್ರ ಕೆಮ್ಮಿತು.
ಮೊದಲು ಅದರ ಶಿಷ್ಟಾಚಾರ: ಯಾರು ನೀನು?
ಆ ಕಡೆಯವನು ಒಂದು ಗುಂಡಿ ಒತ್ತುತ್ತಾನೆ,
ನನ್ನ ಯಂತ್ರ ನನ್ನನ್ನು ಕೇಳದೆಯೇ
ತನ್ನ ಹೆಸರು ಹೇಳುತ್ತದೆ.
ಆಮೇಲೆ ಮಾತು.

ಬಂತು. ನಮ್ಮ ಸರಕಾರ,
ಹೌದು, ನಮ್ಮದೇ, ಸಮವಸ್ತ್ರದವರದ್ದು,
ಕೆಂಪು ರಟ್ಟಿನ ಪುಸ್ತಕ ಕಂಡರೆ ಬಾಗಿಲು ಒದೆಯುವವರದ್ದು,
ಹೊಕ್ಕುಳಬಳ್ಳಿ ಕೂಡ ಕತ್ತರಿಸದ ಈ ಕೆಂಪು ಕೂಸಿಗೆ
ಎಲ್ಲರಿಗಿಂತ ಮೊದಲು ಮಾನ್ಯತೆ ಕೊಟ್ಟಿದೆ.
ಮಾಸ್ಕೋಗಿಂತ ಮೊದಲು, ಅಕ್ಕ.
ಹವಾನಾಗಿಂತ ಮೊದಲು.

ಮೂರು ಸಲ ಓದಿದೆ.
ತಾರ್ಕೀನಿಯೊ ಸಾಹೇಬರು ಪೈಜಾಮದಲ್ಲೇ ಬಂದರು,
ಓದಿದರು, ಟೈ ಹುಡುಕಲು ಹೋದರು.
'ತತ್ವ ಬೇರೆ, ಎಣ್ಣೆ ಬೇರೆ' ಅಂದರು, ಗಂಟು ಬಿಗಿಯುತ್ತ.
ಆಮೇಲೆ 'ಇದನ್ನು ನೀನು ಕೇಳಲಿಲ್ಲ' ಅಂದರು.
ಹೊರಗೆ ಆಕಾಶಕ್ಕೆ ಗುಂಡು ಹಾರಿಸಿ ಕುಣಿಯುತ್ತಿದ್ದರು;
ಖುಷಿಯ ಗುಂಡು ಯಾವುದು, ಇನ್ನೊಂದು ಯಾವುದು,
ಕಿವಿಗೆ ತಿಳಿಯಲಿಲ್ಲ.

ಬೆಳಿಗ್ಗೆ ಹುರಿದ ಮೀನು ಮಾರುವ ಎಂಗ್ರಾಸಿಯಾ
ಮೆಟ್ಟಿಲ ಮೇಲೆ ಬುಟ್ಟಿ ಇಳಿಸಿ ಕೇಳಿದಳು:
"ನಿಮ್ಮೋರು ನಮಗೇನೋ ಕೊಟ್ಟರಂತಲ್ಲ, ಏನದು?
ಅಕ್ಕಿಯಾ? ಔಷಧಿಯಾ?"
ಮಾನ್ಯತೆ, ಅಂದೆ.
"ಹಾಗಂದರೆ?"
ನೀವು ಯಾರು ಅಂತ ಗುರುತು ಸಿಕ್ಕಿತು ಅಂತ.
ಅವಳು ನಕ್ಕ ರಭಸಕ್ಕೆ ಮೀನಿನ ಮೇಲಿನ ನೊಣಗಳೆದ್ದವು.
"ಈಗ ಸಿಕ್ಕಿತಾ?
ಇದೇ ಕಡಲಂಚಿಂದ ನನ್ನಜ್ಜನ ಅಜ್ಜನ ತಮ್ಮನ್ನ
ಹಡಗಲ್ಲಿ ತುಂಬಿಸಿಕೊಂಡೋರಿಗೆ?
ಕನ್ನಡೀಲಿ ನಿನ್ನ ಮೂಗು ನೋಡಿಕೋ,
ಅದು ನಮ್ಮ ಬೀದಿಯದು.
ನಾನು ನಿನಗೆ ಮಾನ್ಯತೆ ಕೊಟ್ಟು ಎರಡು ವರ್ಷ ಆಯ್ತು,
ಮೊದಲ ಸಲ ಸಾಲಕ್ಕೆ ಮೀನು ಕೊಟ್ಟೆನಲ್ಲ, ಆವತ್ತೇ."
ಹಳೆಯ ಬಾಕಿ ತೀರಿಸಿದೆ, ಎಸ್ಕೂಡೋದಲ್ಲಿ.
ಆ ನೋಟನ್ನು ಬಿಸಿಲಿಗೆ ಹಿಡಿದು ನೋಡಿದಳು,
ಇನ್ನೆಷ್ಟು ದಿನ ಬದುಕೀತು ಎನ್ನುವ ಹಾಗೆ.

ಅಕ್ಕಾ, ಜೆನಿವಾಲ್ಡೊ ಇಟ್ಟುಕೊಂಡಿದ್ದ ಆ ಪುಸ್ತಕ ಎಷ್ಟು ಪುಟ?
ಇಪ್ಪತ್ತೋ, ಇಪ್ಪತ್ತೆರಡೋ.
ಅದರ ರಟ್ಟಿನ ಮೇಲಿದ್ದ ನಕ್ಷತ್ರ
ಇಲ್ಲಿ ಕಂಬದ ಮೇಲೆ ಹಾರುತ್ತಿದೆ,
ಹಳದಿ, ಅದೇ ಐದು ಮೂಲೆ.
ಅದಕ್ಕೆ ಶುಭ ಕೋರಿ ತಂತಿ ಬಂದಿದೆ.
ಅವನಿಗೆ?
ಠಾಣೆಯ ಬೆಂಚಿನ ಮೇಲೆ ಹನ್ನೊಂದು ಸೋಮವಾರ ಕೂತೆ ನೀನು.
ದಫ್ತರು ತಿರುವಿ ಅವರು ಹೇಳಿದ್ದು ಒಂದೇ:
'ಅಂಥ ಹೆಸರಿನವರು ಇಲ್ಲಿ ಯಾರೂ ಇಲ್ಲ.'
ಹನ್ನೆರಡನೆಯ ಸೋಮವಾರ
ಇಲ್ಲದವನ ಅಂಗಿಯೊಂದನ್ನು
ಒಗೆದು ತರಲು ಕೊಟ್ಟರು.

ಈ ಕಾಗದ ಅಂಚೆಗೆ ಹಾಕಲಾರೆ.
ಯಾರ ಕೈಲಾದರೂ ಕಳಿಸುತ್ತೇನೆ; ಓದಿ ಒಲೆಗೆ ಹಾಕು.
ನಿನ್ನೆ ರಾತ್ರಿ ಎಲ್ಲರೂ ಔತಣಕ್ಕೆ ಹೋದಾಗ
ರೆಸಿಫೆಯ ಒಂದು ನಂಬರು ಹಾಕಿದೆ.
ಯಾವ ಕಚೇರಿಯದೆಂದು ಬರೆಯುವುದಿಲ್ಲ.
ಸಂದೇಶ ಏನೂ ಕಳಿಸಲಿಲ್ಲ.
ಆ ಗುಂಡಿ ಒತ್ತಿದೆ, ಅಷ್ಟೆ.
ಯಾರು ನೀನು?
ಅಲ್ಲಿ, ಬೀಗ ಹಾಕಿದ ಕೋಣೆಯ ಕತ್ತಲೆಯಲ್ಲಿ,
ಯಾರ ಕೈಯೂ ತಾಗದೆ, ಯಂತ್ರ ಎದ್ದು
ತನ್ನ ಹೆಸರನ್ನು ಪೂರ್ತಿ ಹೇಳಿತು.
ಇನ್ನೊಮ್ಮೆ ಒತ್ತಿದೆ.
ಇನ್ನೊಮ್ಮೆ ಹೇಳಿತು.

ನಲ್ಲಿಯಲ್ಲಿ ಏನೋ ಸದ್ದು, ಅಕ್ಕ.
ನೀರಿರಬಹುದು. ಎದ್ದು ನೋಡುತ್ತೇನೆ.